ನೀರು ಬೀಳುವ ಮೊದಲೇ ಕರಗಿದ್ದು

ಕಳೆದ ವರ್ಷ ನನ್ನ ಪ್ರಬಂಧದ ಮೂರನೇ ಅಧ್ಯಾಯವನ್ನು ಓದುತ್ತಿದ್ದ ಗೈಡ್ ಒಂದು ಅಡಿಟಿಪ್ಪಣಿಯ ಕೆಳಗೆ ಪೆನ್ಸಿಲ್ಲಿನಿಂದ ಗೆರೆ ಎಳೆದು, "ಇದನ್ನ ನೀನು ಕಣ್ಣಾರೆ ನೋಡಿದೀಯೇನಮ್ಮ?" ಎಂದು ಕೇಳಿದರು. ನೋಡಿರಲಿಲ್ಲ. ಬೇರೊಬ್ಬರ ಪುಸ್ತಕದ ಅಡಿಟಿಪ್ಪಣಿಯನ್ನು ಹಾಗೇ ಎತ್ತಿಕೊಂಡಿದ್ದೆ. ಗ್ರಂಥಾಲಯಕ್ಕೆ ಹೋಗಿ ಆ ಸಂಪುಟ ತೆಗೆಸಿ ನೋಡಿದರೆ ಅದರಲ್ಲಿ ಅಂಥ ಲೇಖನವೇ ಇರಲಿಲ್ಲ. ತಲೆ ತಗ್ಗಿಸಿಕೊಂಡು ಓಡಾಡುತ್ತಿದ್ದ ಆ ದಿನಗಳಲ್ಲಿ ನಾನು ಮತ್ತೆ ಮತ್ತೆ ಓದಿದ್ದು ಇನ್ನೊಬ್ಬ ಸಂಶೋಧನಾ ವಿದ್ಯಾರ್ಥಿಯ ಕತೆಯನ್ನು. ಆತ ಇಲ್ಲದ ವಸ್ತುವಿನ ಬಗ್ಗೆ, ಇಲ್ಲದ ಪತ್ರಿಕೆಗಳನ್ನು ಉಲ್ಲೇಖಿಸಿ, ಬೇಕೆಂದೇ ಒಂದು ಸಂಶೋಧನಾ ಲೇಖನ ಬರೆದಿದ್ದ. ಆತನ ಹೆಸರು ಐಸಾಕ್ ಅಸಿಮೋವ್. ಆ ವಸ್ತುವಿನ ಹೆಸರು ಥಯೋಟಿಮೊಲಿನ್.

ಕಾಲವನ್ನು ಬಾಗಿಸುವ ಕಲ್ಲು, ಹರಳುಗಳ ಕಲ್ಪನೆ ಇಂದಿನ ಫ್ಯಾಂಟಸಿ ಕಾದಂಬರಿಗಳಲ್ಲಿ ಬೇಕಾದಷ್ಟಿದೆ. ನಮಗೆ ಸ್ಪರ್ಶಮಣಿ, ಸ್ಯಮಂತಕಗಳೂ ಹೊಸವಲ್ಲ. ಆದರೆ ಮಣಿಗಳ ಮಹಿಮೆಯನ್ನು ನಂಬಿಸುವುದು ದೇವರು, ತಪಸ್ಸು, ಶಾಪಗಳು. ಥಯೋಟಿಮೊಲಿನ್‌ನ ಮಹಿಮೆಯನ್ನು ನಂಬಿಸುವುದು ಕೋಷ್ಟಕ, ನಕ್ಷೆ ಮತ್ತು ಅಡಿಟಿಪ್ಪಣಿ. ನನ್ನನ್ನು ಹಿಡಿದು ನಿಲ್ಲಿಸಿದ್ದು ಈ ವ್ಯತ್ಯಾಸವೇ.

1947ರಲ್ಲಿ ಅಸಿಮೋವ್‌ಗೆ 27 ವರ್ಷ. ಯುದ್ಧಕಾಲದಲ್ಲಿ ಫಿಲಡೆಲ್ಫಿಯಾದ ನೌಕಾ ಕಾರ್ಖಾನೆಯಲ್ಲಿ ರಸಾಯನಶಾಸ್ತ್ರಜ್ಞನಾಗಿ ದುಡಿದು, ಆಮೇಲೆ ಕೆಲವು ತಿಂಗಳು ಸೈನ್ಯದಲ್ಲಿದ್ದು, ನಿಂತುಹೋಗಿದ್ದ ಪಿಎಚ್‌.ಡಿ.ಗೆ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯಕ್ಕೆ ಮರಳಿದ್ದ. ವಿಷಯ ಟೈರೊಸಿನೇಸ್ ಎಂಬ ಕಿಣ್ವ. ಹೆಚ್ಚಿಟ್ಟ ಬದನೆಕಾಯಿ, ಸೇಬು ಕಪ್ಪಾಗುತ್ತದಲ್ಲ, ಅದು ಈ ಬಗೆಯ ಕಿಣ್ವಗಳ ಕೆಲಸ. ಪ್ರಯೋಗಕ್ಕೆ ಕೆಟೆಕಾಲ್ ಎಂಬ ಹಗುರವಾದ ಬಿಳಿ ಹರಳು ಬೇಕಿತ್ತು. ಅದು ನೀರಿನ ಮೇಲ್ಮೈ ಮುಟ್ಟುತ್ತಿದ್ದಂತೆಯೇ ಮಾಯವಾಗುತ್ತಿತ್ತು. ಇನ್ನೂ ಸ್ವಲ್ಪ ಬೇಗ ಕರಗುವ ವಸ್ತುವಾಗಿದ್ದರೆ ನೀರು ಮುಟ್ಟುವ ಮೊದಲೇ ಕರಗುತ್ತಿತ್ತಲ್ಲವೇ ಎಂಬ ತಮಾಷೆ ಆತನ ತಲೆಗೆ ಹೊಳೆಯಿತು.

ಆತನಿಗೆ ಇನ್ನೊಂದು ಚಿಂತೆಯಿತ್ತು. ಹತ್ತು ವರ್ಷ ಪತ್ರಿಕೆಗಳಿಗೆ ಕತೆ ಬರೆದು ಬರೆದು ಕೈ ಸಲೀಸಾಗಿತ್ತು. ಆದರೆ ಮಹಾಪ್ರಬಂಧಕ್ಕೆ ಬೇಕಾದದ್ದು ಒಣಗಿದ, ತೊಡಕಿನ ವಾಕ್ಯ. ಅದರ ಅಭ್ಯಾಸಕ್ಕೆಂದು ಈ ಹುಸಿ ಲೇಖನ ಬರೆದ. ಒಂದು ಪೊದೆಯ ತೊಗಟೆಯಿಂದ ತೆಗೆದ ಥಯೋಟಿಮೊಲಿನ್, ನೀರು ಹಾಕುವುದಕ್ಕೆ 1.12 ಸೆಕೆಂಡು ಮೊದಲೇ ಕರಗುತ್ತದೆ. ಅಳೆಯಲು ಒಂದು ಉಪಕರಣವೂ ಇದೆ. ನೀರು ಹಾಕುವವನು ಹಾಕಲೋ ಬೇಡವೋ ಎಂದು ಅನುಮಾನಿಸಿದರೆ ಕರಗುವ ಹೊತ್ತೂ ಏರುಪೇರಾಗುತ್ತದೆ. ಇಷ್ಟನ್ನೂ ನಗು ಸುಳಿಯದಂತೆ ಬರೆದು, ಕೊನೆಗೆ ಆಕರಪಟ್ಟಿ ಜೋಡಿಸಿದ. ಈ ಸರಣಿಯ ಲೇಖನಗಳಲ್ಲಿ ಕೊಟ್ಟ ಕಾರಣ ಇನ್ನೂ ಸೊಗಸು: ಅದರ ಅಣುವಿನಲ್ಲಿರುವ ಒಂದು ಇಂಗಾಲದ ನಾಲ್ಕು ಬಂಧಗಳಲ್ಲಿ ಎರಡು ವರ್ತಮಾನದಲ್ಲಿವೆ, ಒಂದು ಭೂತಕ್ಕೂ ಒಂದು ಭವಿಷ್ಯಕ್ಕೂ ಚಾಚಿಕೊಂಡಿವೆ.

ಲೇಖನವನ್ನು 'ಅಸ್ಟೌಂಡಿಂಗ್ ಸೈನ್ಸ್ ಫಿಕ್ಷನ್' ಪತ್ರಿಕೆಯ ಸಂಪಾದಕ ಜಾನ್ ಕ್ಯಾಂಪ್‌ಬೆಲ್ ಒಪ್ಪಿಕೊಂಡ. ಮೌಖಿಕ ಪರೀಕ್ಷೆ ಹತ್ತಿರದಲ್ಲಿದ್ದುದರಿಂದ ಗುಪ್ತನಾಮದಲ್ಲಿ ಹಾಕಿ ಎಂದು ಅಸಿಮೋವ್ ಕೇಳಿಕೊಂಡಿದ್ದ. 1948ರ ಮಾರ್ಚ್ ಸಂಚಿಕೆ ಬಂದಾಗ ಅದರಲ್ಲಿದ್ದುದು ಆತನ ಸ್ವಂತ ಹೆಸರು. ಸುದ್ದಿ ವಿಭಾಗಕ್ಕೂ ಮುಟ್ಟಿತು. ರಸಾಯನಶಾಸ್ತ್ರವನ್ನೇ ಗೇಲಿ ಮಾಡುವವನಿಗೆ ಪದವಿ ಯಾಕೆ ಎಂದು ಪರೀಕ್ಷಕರು ಅಂದುಕೊಂಡರೆ? ಈ ಭಯ ನನಗೆ ಚೆನ್ನಾಗಿ ಗೊತ್ತು. ವರ್ಷಗಟ್ಟಲೆ ದುಡಿದದ್ದು ನಾಲ್ಕೈದು ಜನರ ಒಂದು ಮಧ್ಯಾಹ್ನದ ಅಭಿಪ್ರಾಯದ ಮೇಲೆ ನಿಂತಿರುತ್ತದೆ.

ಮೇ 20ರಂದು ಪರೀಕ್ಷೆ ನಡೆಯಿತು. ಪ್ರಶ್ನೆಗಳೆಲ್ಲ ಮುಗಿದವೆನ್ನುವಾಗ ಪರೀಕ್ಷಕರಲ್ಲೊಬ್ಬರಾದ ರಾಲ್ಫ್ ಹಾಲ್‌ಫರ್ಡ್, ಥಯೋಟಿಮೊಲಿನ್‌ನ ಉಷ್ಣಬಲ ಗುಣಗಳ ಬಗ್ಗೆ ಏನಾದರೂ ಹೇಳಿ ಎಂದರು. ಅಸಿಮೋವ್‌ಗೆ ತಡೆಯಲಾಗದ ನಗು ಉಕ್ಕಿತು. ಫೇಲು ಮಾಡಬೇಕೆಂದಿರುವವರು ಹೀಗೆ ತಮಾಷೆ ಮಾಡುವುದಿಲ್ಲ ಎಂದು ಆ ಕ್ಷಣಕ್ಕೇ ಅರ್ಥವಾಗಿತ್ತು. ಹೊರಗೆ ಕಾಯುತ್ತಿದ್ದವನ ಬಳಿ ಬಂದ ಪರೀಕ್ಷಕರು ಡಾಕ್ಟರ್ ಅಸಿಮೋವ್ ಎಂದು ಕರೆದು ಕೈ ಕುಲುಕಿದರು.

ಅತ್ತ ನ್ಯೂಯಾರ್ಕ್ ಸಾರ್ವಜನಿಕ ಗ್ರಂಥಾಲಯದಲ್ಲಿ ಬೇರೆಯೇ ಪ್ರಸಂಗ. ಆಕರಪಟ್ಟಿಯಲ್ಲಿದ್ದ ಪತ್ರಿಕೆಗಳನ್ನು ಕೊಡಿ ಎಂದು ಹುಡುಗರು ಬಂದು ಸಿಬ್ಬಂದಿಯ ತಲೆ ತಿನ್ನುತ್ತಿದ್ದರಂತೆ. ಇದನ್ನು ಓದಿ ನಕ್ಕೆ, ಆಮೇಲೆ ಸುಮ್ಮನಾದೆ. ಇಲ್ಲದ ಲೇಖನ ಹುಡುಕಿಕೊಂಡು ನಾನೂ ಗ್ರಂಥಾಲಯದ ಮೆಟ್ಟಿಲು ಹತ್ತಿದ್ದೆನಲ್ಲ! ಆ ಹುಡುಗರಾದರೂ ಹುಡುಕಿಕೊಂಡು ಹೋದರು. ನಾನು ಹುಡುಕದೆಯೇ ಬರೆದಿದ್ದೆ. ಅಸಿಮೋವ್‌ನ ಸುಳ್ಳು ಕತೆಗಳ ಪತ್ರಿಕೆಯಲ್ಲಿ, ಎಲ್ಲರಿಗೂ ಕಾಣುವಂತೆ ವೇಷ ಹಾಕಿಕೊಂಡು ನಿಂತಿತ್ತು. ನನ್ನದು ನಿಜದ ಸಾಲಿನಲ್ಲಿ ಸದ್ದಿಲ್ಲದೆ ಕೂತಿತ್ತು. ಅದನ್ನು ನಂಬಿ ನಾಳೆ ಇನ್ನೊಬ್ಬ ವಿದ್ಯಾರ್ಥಿ ಎತ್ತಿಕೊಳ್ಳುತ್ತಿದ್ದ. ಕೇಳಿದ ತಕ್ಷಣ ಯಂತ್ರಗಳೇ ಆಕರಪಟ್ಟಿ ಹೊಸೆದು ಕೊಡುವ ಈ ಕಾಲದಲ್ಲಿ ಇದೇನೂ ಸಣ್ಣ ಮಾತಲ್ಲ.

ಅಸಿಮೋವ್ 1953, 1960 ಮತ್ತು 1973ರಲ್ಲಿ ಥಯೋಟಿಮೊಲಿನ್‌ಗೆ ಮರಳಿದ. ಅದಕ್ಕೆ ಮೋಸ ಮಾಡಲು ಹೊರಟವರ ಗತಿಯೂ ಅಲ್ಲಿ ಬರುತ್ತದೆ. ಪುಡಿ ಕರಗಿದ ಮೇಲೆ ನೀರು ಹಾಕುವುದೇ ಇಲ್ಲವೆಂದು ಹಟ ಹಿಡಿದರೆ, ನೀರು ಪ್ರವಾಹವಾಗಿಯಾದರೂ ಬಂದೇ ಬರುತ್ತದೆ.

ನಾನು ಆ ಅಡಿಟಿಪ್ಪಣಿ ತೆಗೆದುಹಾಕಿದೆ. ಅದನ್ನೇ ಆಧರಿಸಿದ್ದ ಎರಡು ಪುಟದ ವಾದವೂ ಅದರೊಂದಿಗೆ ಬಿತ್ತು. ಮೂರು ವಾರ ಕೂತು ಮೂಲ ಆಕರಗಳನ್ನೇ ಓದಿ ಬೇರೆ ಬರೆದು ಕೊಟ್ಟೆ. ಗೈಡ್ ಈ ಸಲವೂ ಪೆನ್ಸಿಲ್ ಹಿಡಿದೇ ಓದುತ್ತಿದ್ದಾರೆ.