ಪಹಣಿಯ ಹಿಂದಿನ ಒಬ್ಬ ವಕೀಲರು – ಕಡಿದಾಳು ಮಂಜಪ್ಪನವರು



ಸಂಘದಲ್ಲಿ ಬೆಳೆ ಸಾಲಕ್ಕೆ ಅರ್ಜಿ ಹಾಕಿದರೆ ಮೊದಲು ಕೇಳುವುದು ಪಹಣಿ. ಉಳುವವನ ಹೆಸರು ಆ ಪಹಣಿಗೆ ಬರಬೇಕೆಂದು ಕಾನೂನಿನ ದಾರಿ ಹಿಡಿದವರಲ್ಲಿ ಕಡಿದಾಳು ಮಂಜಪ್ಪನವರು ಒಬ್ಬರು. ಬೆಳ್ಳಿಹಬ್ಬದ ಈ ಹೊತ್ತಿನಲ್ಲಿ ಅವರನ್ನು ನೆನೆಯುವುದು ನಮ್ಮೆಲ್ಲರ ಕರ್ತವ್ಯ.

ಮಂಜಪ್ಪನವರ ಊರು ಶಿವಮೊಗ್ಗ ಜಿಲ್ಲೆ, ತೀರ್ಥಹಳ್ಳಿ ತಾಲ್ಲೂಕಿನ ಕಡಿದಾಳು. ಕಾನೂನು ಓದಿ ವಕೀಲರಾದರು, ಕಾಂಗ್ರೆಸ್ ಸೇರಿ ರಾಜಕೀಯಕ್ಕೆ ಬಂದರು. ಆಗ ಮಲೆನಾಡಿನಲ್ಲಿ ಗದ್ದೆ ಉಳುವವನು ಒಬ್ಬ, ಒಡೆಯ ಇನ್ನೊಬ್ಬ. ಬೆಳೆದ ಭತ್ತದಲ್ಲಿ ಗೇಣಿ ಅಳೆದು ಕೊಟ್ಟ ಮೇಲೆ ಉಳಿದದ್ದೇ ಗೇಣಿದಾರನ ಪಾಲು. 1951ರಲ್ಲಿ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಗೇಣಿ ಅಳೆಯುವ ಕೊಳಗದ ಅಳತೆಗೆ ಸಂಬಂಧಿಸಿ ಎದ್ದ ತಕರಾರು ದೊಡ್ಡ ಸತ್ಯಾಗ್ರಹವೇ ಆಯಿತು.

ಮರುವರ್ಷ ಕೆಂಗಲ್ ಹನುಮಂತಯ್ಯನವರ ಮಂತ್ರಿಮಂಡಲ ಬಂತು. ಅದರಲ್ಲಿ ಮಂಜಪ್ಪನವರು ಕಂದಾಯ ಮಂತ್ರಿ. 1952ರ ಗೇಣಿ ಕಾಯ್ದೆ, 1954ರ ಇನಾಂ ರದ್ದತಿ ಕಾಯ್ದೆ ಬಂದದ್ದು ಆ ಕಾಲದಲ್ಲೇ. 1956ರ ಆಗಸ್ಟ್ 19ರಂದು ಮುಖ್ಯಮಂತ್ರಿಯಾದರು. ನವೆಂಬರ್ 1ಕ್ಕೆ ಕನ್ನಡ ನಾಡು ಒಂದಾಗಿ ನಿಜಲಿಂಗಪ್ಪನವರು ಮುಖ್ಯಮಂತ್ರಿಯಾದರು. ಹೀಗೆ ಎರಡೂವರೆ ತಿಂಗಳಿಗೇ ಕುರ್ಚಿ ಬಿಟ್ಟರೂ ಕೆಲಸ ಬಿಡಲಿಲ್ಲ. ಮತ್ತೆ ಕಂದಾಯ ಮಂತ್ರಿಯಾಗಿ ಭೂಸುಧಾರಣಾ ಮಸೂದೆ ಮಂಡಿಸಿದರು. ಅದೇ 1961ರ ಕಾಯ್ದೆ.

ಆದರೆ ಇದ್ದದ್ದನ್ನು ಇದ್ದ ಹಾಗೇ ಹೇಳಬೇಕು. ಆ ಕಾಯ್ದೆ ಜಾರಿಗೆ ಬಂದದ್ದು 1965ರ ಅಕ್ಟೋಬರ್ 2ಕ್ಕೆ. ಸ್ವಂತ ಸಾಗುವಳಿಗೆ ಬೇಕು ಎಂದು ಒಡೆಯರು ಜಮೀನು ವಾಪಸು ಕೇಳಲು ಅದರಲ್ಲಿ ದಾರಿಯಿತ್ತು. ದೇವರಾಜ ಅರಸರ ಸರ್ಕಾರ 1974ರ ಮಾರ್ಚ್ 1ರಿಂದ ಗೇಣಿ ಜಮೀನನ್ನೆಲ್ಲ ಸರ್ಕಾರಕ್ಕೆ ಸೇರಿಸಿತು. ಆಮೇಲೇ ಗೇಣಿದಾರರು ಡಿಕ್ಲರೇಷನ್ ಹಾಕಿ, ಭೂ ನ್ಯಾಯಮಂಡಳಿ ಮುಂದೆ ನಿಂತು ಹಕ್ಕು ಪಡೆದದ್ದು. ಆ ಮಂಡಳಿಯಲ್ಲಿ ವಕೀಲರು ವಾದ ಮಾಡುವಂತಿರಲಿಲ್ಲ! ವಕೀಲರೊಬ್ಬರು ಮಂಡಿಸಿದ ಕಾಯ್ದೆಯಡಿ ರೈತ ತನ್ನ ಮಾತನ್ನು ತಾನೇ ಆಡಿದ.

ಮಂಜಪ್ಪನವರು ತಮ್ಮ ಆತ್ಮಕಥೆಗೆ ಇಟ್ಟ ಹೆಸರು 'ನನಸಾಗದ ಕನಸು'. ಪೂರ್ತಿ ನನಸಾಗಲಿಲ್ಲ ನಿಜ. ಆದರೂ ಅವರು ಹಾಕಿದ ಬುನಾದಿ ಮೇಲೇ ಮುಂದಿನವರು ಗೋಡೆ ಎಬ್ಬಿಸಿದ್ದು.

2020ರ ತಿದ್ದುಪಡಿ ಬಂದ ಮೇಲೆ ಬೇಸಾಯಗಾರರಲ್ಲದವರೂ ಕೃಷಿ ಜಮೀನು ಕೊಳ್ಳಬಹುದು. ಕೊಳ್ಳುವವರು ಬಂದೇ ಬರುತ್ತಾರೆ. ಸಾಲದ ಬಾಧೆಗೆ ಜಮೀನು ಮಾರುವ ಮೊದಲು ಒಂದು ಸಲ ಸಂಘದ ಬಾಗಿಲಿಗೆ ಬನ್ನಿ, ಕೂತು ಮಾತಾಡೋಣ. ಪಹಣಿಗೆ ಹೆಸರು ಹತ್ತಲು ತಲೆಮಾರುಗಳೇ ಬೇಕಾದವು. ಅದು ಹೋಗಲು ಒಂದು ರುಜು ಸಾಕು.