ಗೇಣಿ ಹೊಲ ನಮ್ಮದಾಯ್ತು, ಬಾಡಿಗೆ ಅಂಗಡಿ ಯಾಕೆ ಆಗಲಿಲ್ಲ?

"ಹನ್ನೆರಡು ವರ್ಷ ಬಾಡಿಗೆಗಿದ್ದರೆ ಮಳಿಗೆ ಅವನದೇ ಆಗಿಬಿಡುತ್ತೆ." ಸಂತೆ ಬೀದಿಗಳಲ್ಲಿ ನಾವು ಈ ಮಾತು ಕೇಳುತ್ತಲೇ ಇರುತ್ತೇವೆ. ಇದನ್ನು ನಂಬಿ ಬಾಡಿಗೆ ನಿಲ್ಲಿಸಿದವರಿದ್ದಾರೆ. ಇದಕ್ಕೆ ಹೆದರಿ ಮನೆಗೆ ಬೀಗ ಹಾಕಿ ಖಾಲಿ ಬಿಟ್ಟ ಮಾಲೀಕರೂ ಇದ್ದಾರೆ. ಮಾತು ಮಾತ್ರ ಸುಳ್ಳು. ಮಾಲೀಕರ ಒಪ್ಪಿಗೆಯಿಂದ ಒಳಗೆ ಬಂದವರು ಬಾಡಿಗೆದಾರರಾಗಿ ಮೂವತ್ತು ವರ್ಷ ಇದ್ದರೂ ಬಾಡಿಗೆದಾರರೇ.

ಗೊಂದಲದ ಬೇರು ನಮ್ಮ ಊರುಗಳ ನೆನಪಿನಲ್ಲೇ ಇದೆ ಅನಿಸುತ್ತದೆ. 1951ರಲ್ಲಿ ಸಾಗರ ತಾಲೂಕಿನ ಕಾಗೋಡಿನಲ್ಲಿ ಗೇಣಿದಾರರು ಸತ್ಯಾಗ್ರಹ ಮಾಡಿದರು. 1974ರಲ್ಲಿ ದೇವರಾಜ ಅರಸು ಸರ್ಕಾರದ ತಿದ್ದುಪಡಿ ಬಂತು. ಏಳನೇ ನಮೂನೆ ತುಂಬಿ ಭೂ ನ್ಯಾಯಮಂಡಳಿಯ ಮುಂದೆ ನಿಂತ ಎಷ್ಟೋ ಗೇಣಿದಾರರು ಹೊಲದ ಒಡೆಯರಾದರು. ಅದೇ ನ್ಯಾಯ ಅಂಗಡಿಗೂ ಇರಬೇಕು ಎಂದು ಜನ ಅಂದುಕೊಂಡರೆ ತಪ್ಪೇನಿಲ್ಲ. ಆದರೆ ಕಟ್ಟಡದ ಕಾನೂನು ಹುಟ್ಟಿದ್ದು ಹೊಲದಲ್ಲಲ್ಲ, ಯುದ್ಧದಲ್ಲಿ.

ಮೊದಲ ಮಹಾಯುದ್ಧದ ಕಾಲಕ್ಕೆ ಮುಂಬೈಯಲ್ಲಿ ಜನ ಹೆಚ್ಚಿ ಮನೆ ಸಾಲದಾದವು, ಬಾಡಿಗೆ ಏರಿತು. 1918ರಲ್ಲಿ ಅಲ್ಲಿ ಬಾಡಿಗೆ ನಿಯಂತ್ರಣ ಕಾಯ್ದೆ ಬಂತು. ತಾತ್ಕಾಲಿಕ ಅಂದಿದ್ದು, ಎರಡನೇ ಯುದ್ಧದ ನಂತರ ಬೇರೂರಿತು. ನಮ್ಮ ನಾಡು ಒಂದಾದಾಗ ಬೆಳಗಾವಿ, ಧಾರವಾಡದ ಕಡೆ ಮುಂಬೈಯ 1947ರ ಕಾಯ್ದೆ, ಮಂಗಳೂರಲ್ಲಿ ಮದರಾಸಿನ 1949ರದ್ದು, ಕಲಬುರಗಿಯಲ್ಲಿ ಹೈದರಾಬಾದಿನ 1954ರದ್ದು, ಹಳೇ ಮೈಸೂರಲ್ಲಿ 1951ರದ್ದು. ಎಲ್ಲ ಸೇರಿಸಿ 1961ರಲ್ಲಿ ಒಂದೇ ಕಾಯ್ದೆ ಮಾಡಿದರು. ಅದು ಪಟ್ಟಿಯಲ್ಲಿದ್ದ ಊರುಗಳಿಗೆ. ಹೆಚ್ಚಿನ ಹಳ್ಳಿಗಳು ಹೊರಗೇ ಉಳಿದವು.

ಆ ಕಾಯ್ದೆಯ 21ನೇ ಕಲಮು ವಕೀಲರ ಬಾಯಲ್ಲಿ ಮಂತ್ರದಂತಿತ್ತು. ಮಾಲೀಕರು "ಬಿಡು" ಅಂದರೆ ಸಾಲದು, ಕಾರಣ ತೋರಿಸಬೇಕು. ಬಾಕಿ ಕೇಳಿ ನೋಟಿಸ್ ಕೊಟ್ಟರೂ ಎರಡು ತಿಂಗಳಲ್ಲಿ ಕಟ್ಟಿಲ್ಲ, ಒಳಬಾಡಿಗೆಗೆ ಕೊಟ್ಟಿದ್ದಾರೆ, ಕೆಡವಿ ಕಟ್ಟಬೇಕು, ಇಲ್ಲವೇ ಸ್ವಂತಕ್ಕೆ ಬೇಕು, ಹೀಗೆ. ಸ್ವಂತಕ್ಕೆ ಬೇಕು ಎಂದಾಗ ನ್ಯಾಯಾಲಯ ಇನ್ನೊಂದು ತಕ್ಕಡಿ ಹಿಡಿಯುತ್ತಿತ್ತು: ಬಿಡಿಸಿದರೆ ಬಾಡಿಗೆದಾರರಿಗೆ ಆಗುವ ಕಷ್ಟ ಹೆಚ್ಚೋ, ಬಿಡಿಸದಿದ್ದರೆ ಮಾಲೀಕರಿಗೆ ಆಗುವ ಕಷ್ಟ ಹೆಚ್ಚೋ? ಮಗನಿಗೆ ಅಂಗಡಿ ಹಾಕಿಕೊಡಬೇಕೆಂದು ಬಂದ ಮಾಲೀಕರು, ಅದೇ ಅಂಗಡಿಯಲ್ಲಿ ಸಂಸಾರ ಸಾಕಿದ ಬಾಡಿಗೆದಾರರು, ಇಬ್ಬರ ಬಡತನವನ್ನೂ ಅಲ್ಲಿ ಅಳೆಯಬೇಕಿತ್ತು. ಇಡೀ ಕಾಯ್ದೆಯಲ್ಲಿ ನಮಗೆ ಹೆಚ್ಚು ಮನುಷ್ಯತ್ವದ್ದಾಗಿ ಕಾಣುವುದು ಇದೇ. ಮಾಲೀಕರು ಬಾಡಿಗೆ ಪಡೆಯದಿದ್ದರೆ ಜನ ಮನಿಯಾರ್ಡರ್ ಕಳಿಸಿ, ವಾಪಸ್ ಬಂದ ಚೀಟಿಯನ್ನು ಜೋಪಾನ ಮಾಡುತ್ತಿದ್ದರು. ಕೋರ್ಟಿನಲ್ಲಿ ಅದೇ ಸಾಕ್ಷಿ.

ಮಾಲೀಕರ ಸಂಕಟವೂ ಸಣ್ಣದಲ್ಲ. ಮುಂಬೈಯಲ್ಲಿ 1940ರ ಬಾಡಿಗೆಯೇ ದಶಕಗಟ್ಟಲೆ ನಿಂತಿತ್ತು. ರಿಪೇರಿ ಖರ್ಚೂ ಹುಟ್ಟುತ್ತಿರಲಿಲ್ಲ. ಹಾಗೆ ಬಾಡಿಗೆಯನ್ನು ಕಟ್ಟಿಹಾಕುವುದು ಕಾಲಕ್ರಮದಲ್ಲಿ ನ್ಯಾಯಸಮ್ಮತವಾಗಿ ಉಳಿದಿಲ್ಲ ಎಂದು 1997ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು.

ನಮ್ಮಲ್ಲಿ 1961ರದ್ದು ಹೋಗಿ, 1999ರ ಬಾಡಿಗೆ ಕಾಯ್ದೆ 2001ರ ಡಿಸೆಂಬರ್ 31ರಂದು ಜಾರಿಗೆ ಬಂತು. ರಕ್ಷಣೆ ಬಹಳ ಕಿರಿದಾಯಿತು. ದೊಡ್ಡ ನಗರಗಳಲ್ಲಿ ತಿಂಗಳಿಗೆ 3,500 ರೂಪಾಯಿ, ಪಟ್ಟಿಯಲ್ಲಿರುವ ಉಳಿದ ಊರುಗಳಲ್ಲಿ 2,000 ರೂಪಾಯಿ ಮೀರಿದ ಬಾಡಿಗೆ ಅದರ ಹೊರಗೆ. ಅಂಗಡಿಯಾದರೆ 14 ಚದರ ಮೀಟರ್, ಅಂದರೆ ಸುಮಾರು 150 ಚದರ ಅಡಿಗಿಂತ ದೊಡ್ಡದಿರಬಾರದು. ಬಾಡಿಗೆದಾರರು ತೀರಿಕೊಂಡರೆ ಜೊತೆಗಿದ್ದ ಹೆಂಡತಿ ಮಕ್ಕಳಿಗೆ ಐದು ವರ್ಷದ ಹಕ್ಕು. ಇವತ್ತಿನ ಬಾಡಿಗೆ ನೋಡಿದರೆ ತಾಲೂಕು ಕೇಂದ್ರದಲ್ಲಿ ಈ ಲೆಕ್ಕಕ್ಕೆ ಸಿಗುವ ಮನೆ ಎಷ್ಟಿವೆ, ನೀವೇ ಹೇಳಿ.

ಹೊರಗುಳಿದವರಿಗೆ 1882ರ ಸ್ವತ್ತು ವರ್ಗಾವಣೆ ಕಾಯ್ದೆಯೇ ಗತಿ. ತಿಂಗಳ ಬಾಡಿಗೆಯಾದರೆ, ಕರಾರಿನಲ್ಲಿ ಬೇರೆ ಮಾತಿಲ್ಲದಿದ್ದರೆ, 15 ದಿನದ ನೋಟಿಸ್ ಸಾಕು, ಕಾರಣ ಬೇಕಿಲ್ಲ. ಹನ್ನೊಂದು ತಿಂಗಳ ಕರಾರಿಗೂ ಹನ್ನೆರಡು ವರ್ಷದ ಕಥೆಗೂ ಸಂಬಂಧವಿಲ್ಲ; ವರ್ಷ ಮೀರಿದ ಕರಾರನ್ನು ನೋಂದಣಿ ಮಾಡಿಸಲೇಬೇಕು ಎಂಬ 1908ರ ಕಾಯ್ದೆಯಿಂದ ತಪ್ಪಿಸಿಕೊಳ್ಳುವ ದಾರಿ ಅದು. ಆದರೂ ನೋಟಿಸ್ ಮುಗಿದ ಮಾರನೇ ದಿನ ಸಾಮಾನು ಬೀದಿಗೆ ಎಸೆಯುವಂತಿಲ್ಲ, ಬೀಗ ಬದಲಿಸುವಂತಿಲ್ಲ. ಸಿವಿಲ್ ಕೋರ್ಟಿಗೆ ಹೋಗಲೇಬೇಕು. ಬಲವಂತವಾಗಿ ಹೊರಹಾಕಿದರೆ, ಆರು ತಿಂಗಳೊಳಗೆ ದಾವೆ ಹೂಡಿ ಮತ್ತೆ ಸ್ವಾಧೀನ ಕೇಳಬಹುದು.