ಉಸಿರು ತೆಗೆದುಕೊಳ್ಳುವ ಜಾಗ

ಆಷಾಢದ ಮಳೆ ಹಿಡಿದರೆ ಕಳಸದಲ್ಲಿ ಭದ್ರಾ ಹೊಳೆ ಕೆಂಪಗೆ ಹರಿಯುತ್ತದೆ. ಮೇ ಕೊನೆಯ ಪತ್ತನಾಜೆಗೇ ಕರಾವಳಿಯ ಮೇಳಗಳು ಗೆಜ್ಜೆ ಬಿಚ್ಚಿರುತ್ತವೆ. ಕುದುರೆಮುಖದ ದಾರಿಯಲ್ಲಿ ಕಾರ್ಕಳದಿಂದ ಕಳಸಕ್ಕೂ, ಚಾರ್ಮಾಡಿ ಹತ್ತಿ ಮೂಡಿಗೆರೆಗೂ ಬಂದು ನೆಲೆಸಿದವರು ಯಕ್ಷಗಾನವನ್ನೂ ಜೊತೆಗೆ ತಂದರು. ಮಳೆಗಾಲಕ್ಕೆ ಅವರದು ತಾಳಮದ್ದಳೆ. ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ ಎತ್ತುತ್ತಾರೆ, ಅರ್ಥಧಾರಿ ಆ ಹೊತ್ತಿಗೆ ಹೊಳೆದ ಮಾತನ್ನೇ ಕಟ್ಟುತ್ತಾನೆ. ಎದುರಿಗೆ ಕೂತವನು ಅದನ್ನು ಕತ್ತರಿಸಿ ತನ್ನ ಮಾತು ಹೂಡುತ್ತಾನೆ.

ಅದೇ ಚಿಕ್ಕಮಗಳೂರು ಜಿಲ್ಲೆಯ ಬಯಲು ಭಾಗಕ್ಕೆ, ಕಡೂರು, ಬೀರೂರಿನ ಕಡೆಗೆ ಇಳಿದರೆ ವೀರಗಾಸೆ. ಹಣೆ ತುಂಬ ವಿಭೂತಿ, ಕೊರಳಲ್ಲಿ ರುದ್ರಾಕ್ಷಿ, ಕೈಯಲ್ಲಿ ಕತ್ತಿ. ಕರಡೆ, ಸಂಬಾಳಗಳ ಬಡಿತಕ್ಕೆ ತಂಡವೆಲ್ಲ ಕುಣಿಯುತ್ತದೆ. ಒಂದು ಗಳಿಗೆ ಕುಣಿತ ನಿಲ್ಲುತ್ತದೆ. ಒಬ್ಬ ಮುಂದೆ ಬಂದು ದಕ್ಷಯಜ್ಞದ ಕಥೆಯ ಒಡಪು ಹೇಳಲು ಶುರುಮಾಡುತ್ತಾನೆ. ಹಾಡೂ ಅಲ್ಲದ, ಬರಿಯ ಮಾತೂ ಅಲ್ಲದ, ಲಯಕ್ಕೆ ಕಟ್ಟಿದ ಗದ್ಯ ಅದು. ಅವನು ಒಂದು ಘಟ್ಟ ಮುಟ್ಟಿದಾಗ ಉಳಿದವರ ಉದ್ಘೋಷ ಏಳುತ್ತದೆ, ವಾದ್ಯ ಮತ್ತೆ ಸಿಡಿಯುತ್ತದೆ. ಆ ಸದ್ದಿನ ನಡುವೆ ಅವನು ಉಸಿರು ತೆಗೆದುಕೊಳ್ಳುತ್ತಾನೆ.

ಇವುಗಳಿಂದಲೇ ಕನ್ನಡದ ರ‍್ಯಾಪ್ ಹುಟ್ಟಿತು ಎಂದರೆ ಸುಳ್ಳಾದೀತು. ರ‍್ಯಾಪ್ ಬಂದದ್ದು ನ್ಯೂಯಾರ್ಕಿನ ಬ್ರಾಂಕ್ಸ್‌ನಿಂದ. 1973ರ ಆಗಸ್ಟ್ 11ರಂದು ಕೂಲ್ ಹರ್ಕ್ ಎಂಬ ಯುವಕ ಒಂದು ಮನೆ ಸಮುಚ್ಚಯದಲ್ಲಿ ತಟ್ಟೆ ತಿರುಗಿಸಿದ ಸಂಜೆಯನ್ನು ಅದರ ಹುಟ್ಟುದಿನವೆಂದು ಎಣಿಸುವುದುಂಟು. ಆದರೆ ತಾಳದ ಮೇಲೆ ಮಾತು ನಿಲ್ಲಿಸುವವನ ಕಷ್ಟ ಎಲ್ಲ ಕಡೆಯೂ ಒಂದೇ. ಮಾತು ಹೆಚ್ಚು, ಉಸಿರು ಕಡಿಮೆ. ಗುಂಪಿನಲ್ಲಿದ್ದರೆ ಆ ಕಷ್ಟವನ್ನು ಹಂಚಿಕೊಳ್ಳಬಹುದು. ಒಬ್ಬ ಸಾಲು ಬಿಟ್ಟಲ್ಲಿ ಇನ್ನೊಬ್ಬ ಹಿಡಿಯುತ್ತಾನೆ. ರ‍್ಯಾಪ್ ಮೊದಲ ವರ್ಷಗಳಲ್ಲಿ ಹೆಚ್ಚಾಗಿ ಗುಂಪಿನ ಕಲೆಯಾಗಿದ್ದುದಕ್ಕೆ ಇದೂ ಒಂದು ಕಾರಣವಿರಬೇಕು.

ಗುಂಪು ಒಡೆಯುವುದೂ ಅಲ್ಲಿಂದಲೇ ಶುರುವಾಯಿತು. 1982ರ ‘ದಿ ಮೆಸೇಜ್’ ಹಾಡು ಗ್ರ್ಯಾಂಡ್‌ಮಾಸ್ಟರ್ ಫ್ಲ್ಯಾಶ್ ಮತ್ತು ಫ್ಯೂರಿಯಸ್ ಫೈವ್ ತಂಡದ ಹೆಸರಿನಲ್ಲಿ ಬಂದರೂ, ತಂಡದವರ ಪೈಕಿ ಅದರಲ್ಲಿ ಮುಖ್ಯವಾಗಿ ದುಡಿದವನು ಮೆಲಿ ಮೆಲ್ ಒಬ್ಬನೇ. ಏಳು ವರ್ಷದ ಮೇಲೆ ಐಸ್ ಕ್ಯೂಬ್ ಹಣದ ಜಗಳದಲ್ಲಿ ಎನ್‌.ಡಬ್ಲ್ಯು.ಎ. ತಂಡ ಬಿಟ್ಟು ಹೊರಟ. 1990ರಲ್ಲಿ ತನ್ನದೇ ಆಲ್ಬಂ ತಂದ.

ಆ ಎನ್‌.ಡಬ್ಲ್ಯು.ಎ. ಹೆಸರನ್ನೇ ತಿರುಚಿ ಬೆಂಗಳೂರಿನ ಹುಡುಗರು ಎಂ.ಡಬ್ಲ್ಯು.ಎ. ಎಂದು ಇಟ್ಟುಕೊಂಡರು: ‘ಮಚ್ಚಾಸ್ ವಿತ್ ಆಟಿಟ್ಯೂಡ್’. ಮಚ್ಚಾ ಅಂದರೆ ಈ ಊರಿನ ಕಾಲೇಜು ಕಟ್ಟೆಯ ಗೆಳೆಯ; ಆ ಒಂದೇ ಪದದಲ್ಲಿ ತಂಡದ ವಿಳಾಸವಿತ್ತು. ಆರ್ಕುಟ್‌ನಲ್ಲಿ ಹುಡುಗರು ಸಾಲಿಗೆ ಸಾಲು ಬರೆದು ಒಬ್ಬರನ್ನೊಬ್ಬರು ಕೆಣಕುತ್ತಿದ್ದ ಕಾಲ ಅದು. ಬ್ರೋಧ ವಿ ಎಂಬ ಹೆಸರಿನ ವಿಘ್ನೇಶ್ ಶಿವಾನಂದ್, ಸ್ಮೋಕಿ ದ ಘೋಸ್ಟ್ ಎಂಬ ಹೆಸರಿನ ಸುಮುಖ್ ಮೈಸೂರ್ ಪರಸ್ಪರ ಗುರುತಾದದ್ದು ಅಲ್ಲಿಯೇ. ಬಿಗ್ ನಿಕ್ ಸೇರಿ ಮೂವರಾದರು. ಬರೆದದ್ದು ಇಂಗ್ಲಿಷಿನಲ್ಲಿ. ಭಾರತದ ರ‍್ಯಾಪ್ ಎಂದರೆ ಸಿನಿಮಾ ಹಾಡಿನ ನಡುವೆ ನುಸುಳುವ ತಮಾಷೆಯೆಂದು ಬಹಳ ಮಂದಿ ತಿಳಿದಿದ್ದಾಗ, ಈ ಮೂವರು ಅದನ್ನು ಕಸುಬಾಗಿ ಹಿಡಿದರು.

2012ರಲ್ಲಿ ಬ್ರೋಧ ವಿ ಒಬ್ಬನೇ ‘ಆತ್ಮ ರಾಮ’ ತಂದ. ಬೆಂಗಳೂರಿನ ರ‍್ಯಾಪ್ ಇತಿಹಾಸದಲ್ಲಿ ಈ ಹಾಡಿನ ಮುಂದೆ ಸ್ವಲ್ಪ ಹೊತ್ತು ನಿಲ್ಲಬೇಕು. ಚರಣಗಳಲ್ಲಿ ತನ್ನ ಬದುಕಿನ ಏಳುಬೀಳನ್ನು ವೇಗದ ಇಂಗ್ಲಿಷಿನಲ್ಲಿ ಹೇಳಿಕೊಳ್ಳುತ್ತಾನೆ. ಚರಣ ಮುಗಿದಲ್ಲಿ ಮನೆಮನೆಯ ರಾಮಭಜನೆಯ ಧಾಟಿ ಬಂದು ತುಂಬುತ್ತದೆ. ದೇಸಿ ಬಣ್ಣ ಬಳಿಯುವ ಉಪಾಯ ಎಂದು ಆಗ ಕೆಲವರಿಗೆ ಕಂಡಿರಬಹುದು. ಹಾಡಿನ ಕಟ್ಟಡ ನೋಡಿದರೆ ಬೇರೆಯದೇ ತಿಳಿಯುತ್ತದೆ. ಮೂವರಿದ್ದಾಗ ಗೆಳೆಯ ತುಂಬುತ್ತಿದ್ದ ಜಾಗ ಅದು. ಗೆಳೆಯರಿಲ್ಲದ ಹಾಡಿನಲ್ಲಿ ಆ ಜಾಗಕ್ಕೆ ಭಜನೆ ಬಂದು ಕೂತಿದೆ. ಭಜನೆಯೆಂದರೆ ಹತ್ತಾರು ದನಿಗಳ ನೆನಪು. ಹಾಗಾಗಿ ಒಂಟಿಯಾಗಿ ಹೊರಟವನ ಹಿಂದೆ ಒಂದು ಊರೇ ನಿಂತ ಹಾಗೆ ಕೇಳುತ್ತದೆ. ಮುಂದೆ ‘ಐಗಿರಿ ನಂದಿನಿ’ಯಲ್ಲೂ ಅವನು ಇದೇ ದಾರಿ ಹಿಡಿದು ದೇವಿಯ ಸ್ತೋತ್ರವನ್ನು ತಂದ. ನಡುವೆ 2013ರಲ್ಲಿ ‘ಚೆನ್ನೈ ಎಕ್ಸ್‌ಪ್ರೆಸ್’ ಸಿನಿಮಾದ ಹಾಡಿನಲ್ಲೂ ಅವನ ದನಿ ಕೇಳಿತು. ಸ್ಮೋಕಿಯೂ ತನ್ನ ಹೆಸರಿನಲ್ಲೇ ಹಾಡು ತರುತ್ತ ಬೇರೆ ದಾರಿ ಹಿಡಿದ.

ಕನ್ನಡದಲ್ಲೇ ಬರೆದವರದು ಇನ್ನೊಂದು ಕಥೆ. ಅರ್ಬನ್ ಲ್ಯಾಡ್ಸ್ ತಂಡದಿಂದ ಬಂದ ಅಲೋಕ್, ಆಲ್ ಓಕೆ ಎಂಬ ಹೆಸರಿನಲ್ಲಿ ಒಬ್ಬನೇ ನಿಂತು ದೊಡ್ಡ ಕೇಳುಗ ವರ್ಗವನ್ನು ಪಡೆದ. ಕಾಫಿ ನಾಡಿನ ಪಕ್ಕದ ಹಾಸನ ಜಿಲ್ಲೆಯ ಶಾಂತಿಗ್ರಾಮದ ಚಂದನ್ ಶೆಟ್ಟಿ ‘ಮೂರು ಪೆಗ್’ ಹಾಡಿನಿಂದ ಮನೆಮಾತಾಗಿ, 2018ರ ಜನವರಿಯಲ್ಲಿ ಬಿಗ್ ಬಾಸ್ ಐದನೇ ಆವೃತ್ತಿಯನ್ನೂ ಗೆದ್ದ. ಇವರಿಗೆ ಎದುರಾದ ತೊಡಕು ಭಾಷೆಯದು. ಕನ್ನಡ ವಾಕ್ಯ ಕ್ರಿಯಾಪದದಲ್ಲಿ ಮುಗಿಯುತ್ತದೆ. ಬಂದೆ, ನಿಂದೆ, ಅಂದೆ ಎಂದು ಅಂತ್ಯಪ್ರಾಸ ಸಲೀಸಾಗಿ ಸಿಕ್ಕಿಬಿಡುತ್ತದೆ, ಅಷ್ಟೇ ಬೇಗ ಕಿವಿಗೆ ಸಪ್ಪೆಯಾಗುತ್ತದೆ. ಹಳೆಯ ಕವಿಗಳು ಸಾಲಿನ ಎರಡನೆಯ ಅಕ್ಷರದಲ್ಲಿ ಪ್ರಾಸ ಇಟ್ಟು ಈ ಜಡತನದಿಂದ ತಪ್ಪಿಸಿಕೊಂಡಿದ್ದರು. ಒತ್ತಕ್ಷರದ ಗುದ್ದನ್ನು ತಾಳದ ಪೆಟ್ಟಿಗೆ ಹೊಂದಿಸುವವನಿಗೆ ಕನ್ನಡ ಧಾರಾಳವಾಗಿ ಒದಗುತ್ತದೆ. ಆ ಕೆಲಸವನ್ನು ಶ್ರದ್ಧೆಯಿಂದ ಮಾಡಿದವರು ಇನ್ನೂ ಹೆಚ್ಚಬೇಕು.

ಗುಂಪು ಬಿಟ್ಟು ಒಬ್ಬನೇ ನಿಲ್ಲುವ ಪರೀಕ್ಷೆ ಕನ್ನಡದ ಮಾತುಗಾರರಿಗೆ ಹೊಸದಲ್ಲ. ಕಾಸರಗೋಡು ಸೀಮೆಯ ಶೇಣಿ ಗೋಪಾಲಕೃಷ್ಣ ಭಟ್ಟರು (1918–2006) ಮೇಳದಲ್ಲಿ ರಾವಣನಾಗಿ, ಬಪ್ಪ ಬ್ಯಾರಿಯಾಗಿ ಮೆರೆದವರು, ತಾಳಮದ್ದಳೆಯಲ್ಲಿ ಅವರ ವಾದಕ್ಕೆ ಎದುರು ಕೂರಲು ಧೈರ್ಯ ಬೇಕಿತ್ತು. ಅದೇ ಶೇಣಿಯವರು ಹರಿದಾಸರೂ ಹೌದು. ಹರಿಕಥೆಯಲ್ಲಿ ಎದುರಾಳಿ ಇರುವುದಿಲ್ಲ. ರಾವಣನ ಪ್ರಶ್ನೆಯೂ ಅಂಗದನ ಉತ್ತರವೂ ಒಂದೇ ಬಾಯಿಂದ ಬರಬೇಕು. ಹಿಂದೆ ಹಾರ್ಮೋನಿಯಂ, ತಬಲ ಇರುತ್ತದೆ. ದಾಸರು ಮಾತು ನಿಲ್ಲಿಸಿದ ಕ್ಷಣ ಅದು ಮುಂದೆ ಬಂದು ನಿಲ್ಲುತ್ತದೆ. ಮಂಟಪ ಪ್ರಭಾಕರ ಉಪಾಧ್ಯರು ಶತಾವಧಾನಿ ಆರ್. ಗಣೇಶರೊಂದಿಗೆ ಸೇರಿ ರೂಪಿಸಿದ ಏಕವ್ಯಕ್ತಿ ಯಕ್ಷಗಾನದಲ್ಲೂ ರಂಗದ ಮೇಲೆ ಒಂದೇ ವೇಷ, ಆದರೆ ಭಾಗವತಿಕೆ, ಮದ್ದಳೆ, ಚೆಂಡೆಗಳ ಹಿಮ್ಮೇಳ ಇದ್ದೇ ಇರುತ್ತದೆ.

ರ‍್ಯಾಪ್ ವೇದಿಕೆಯೂ ಇದನ್ನು ತನ್ನದೇ ರೀತಿಯಲ್ಲಿ ಕಂಡುಕೊಂಡಿದೆ. ಪೋಸ್ಟರಿನಲ್ಲಿ ಒಬ್ಬನದೇ ಹೆಸರು, ಒಬ್ಬನದೇ ಚಿತ್ರ. ವೇದಿಕೆ ಹತ್ತಿದಾಗ ಮಾತ್ರ ಎರಡು ಹೆಜ್ಜೆ ಹಿಂದೆ ಮೈಕ್ ಹಿಡಿದ ಇನ್ನೊಬ್ಬ ನಿಂತಿರುವುದುಂಟು. ಅವನಿಗೆ ಸ್ವಂತ ಚರಣವಿಲ್ಲ. ಮುಂದಿನವನ ಒಂದೊಂದು ಸಾಲಿನ ಕೊನೆಯ ಪದವನ್ನು ಅವನು ಹಿಡಿದು ಕೂಗುತ್ತಾನೆ, ಅಷ್ಟರಲ್ಲಿ ಮುಂದಿನವನು ಉಸಿರು ತುಂಬಿಕೊಂಡಿರುತ್ತಾನೆ.